ನಮ್ಮ ಹೆಸರು ಕೇಳದ ಲೆಕ್ಕ

ತುಮಕೂರಿನಲ್ಲಿ ಬಾಡಿಗೆಗೆ ರೂಮು ಹುಡುಕಿದ ನಮ್ಮವರಿಗೆಲ್ಲ ಇದು ಗೊತ್ತು. ಮೊದಲು ಹೆಸರು ಕೇಳುತ್ತಾರೆ. ಆಮೇಲೆ ಊರು ಕೇಳುತ್ತಾರೆ. ಕುಣಿಗಲ್ ಕಡೆ ಅಂದರೆ ಕುಣಿಗಲ್‌ನಲ್ಲಿ ಎಲ್ಲಿ ಅಂತಾರೆ. ಗುಬ್ಬಿ ಅಂದರೆ ಗುಬ್ಬಿ ಊರೊಳಗೋ ಆಚೆಗೋ ಅಂತಾರೆ. ಅಷ್ಟಕ್ಕೂ ಪತ್ತೆ ಹತ್ತದಿದ್ದರೆ ನಾಚಿಕೆ ಬಿಟ್ಟು 'ನೀವು ಯಾವ ಜನ?' ಅಂದೇಬಿಡುತ್ತಾರೆ. ನಾವು ಹೇಳುತ್ತೇವೆ. 'ರೂಮು ನಿನ್ನೆ ತಾನೇ ಹೋಯ್ತಲ್ಲಪ್ಪ' ಅನ್ನುತ್ತಾರೆ. ಬಾಗಿಲಿಗೆ ತೂಗುಹಾಕಿದ 'ಮನೆ ಬಾಡಿಗೆಗೆ ಇದೆ' ಬೋರ್ಡು ಮಾತ್ರ ತಿಂಗಳಾದರೂ ಹಾಗೇ ತೂಗುತ್ತಿರುತ್ತದೆ.

ಹೆಣ್ಣು ಕೇಳುವಾಗ ಜಾತಿ, ಹೆಣ ಹೂಳುವಾಗ ಜಾತಿ, ಲೋಟ ಕೊಡುವಾಗ ಜಾತಿ. ಹೀಗೆ ಹೆಜ್ಜೆಹೆಜ್ಜೆಗೂ ನಮ್ಮ ಹೆಸರು ಹಿಡಿದು ಕೇಳುವ ಈ ದೇಶ, ಒಂದು ಕಡೆ ಮಾತ್ರ ಬಹಳ ದೊಡ್ಡ ಮನಸ್ಸು ಮಾಡಿ ಕೇಳದೆ ಬಿಡುತ್ತದೆ. ಅದು ಬಡವ ಬಲ್ಲಿದರ ಅಂತರ ಅಳೆಯುವ ಲೆಕ್ಕ. ಆ ದೊಡ್ಡ ಮನಸ್ಸಿನ ಒಳಗೆ ಏನಿದೆ ಎಂದು ನೋಡುವುದೇ ನಮ್ಮ ಈ ಬರಹದ ಕೆಲಸ.

ನಾವು ನಮ್ಮ ಮನೆಗಳಲ್ಲಿ ಮೊದಲು ಡಿಗ್ರಿ ಓದಿದವರು. ಕಾಲೇಜಿನಲ್ಲಿ ಅರ್ಥಶಾಸ್ತ್ರದ ಮೇಷ್ಟ್ರು ಬೋರ್ಡಿನ ಮೇಲೆ ಒಂದು ಓರೆ ಗೆರೆ ಎಳೆದರು. ಅದರ ಕೆಳಗೆ ಜೋತುಬಿದ್ದ ಹಾಗೆ ಇನ್ನೊಂದು ಬಾಗಿದ ಗೆರೆ ಎಳೆದರು. ನೋಡಲು ಬಿಲ್ಲಿನ ಹಾಗಿತ್ತು. 1905ರಲ್ಲಿ ಅಮೆರಿಕದ ಮ್ಯಾಕ್ಸ್ ಲೊರೆಂಜ್ ಎಂಬಾತ ಎಳೆದ ಗೆರೆ ಅದು. ಜನರನ್ನೆಲ್ಲ ಕಡುಬಡವನಿಂದ ಹಿಡಿದು ದೊಡ್ಡ ಸಾಹುಕಾರನವರೆಗೆ ಸಾಲಾಗಿ ನಿಲ್ಲಿಸಬೇಕು. ಸಾಲಿನ ಮೊದಲ ಹತ್ತು ಜನರ ಕೈಲಿ ಎಷ್ಟು, ಇಪ್ಪತ್ತು ಜನರ ಕೈಲಿ ಎಷ್ಟು ಎಂದು ಕೂಡುತ್ತಾ ಹೋಗಬೇಕು. ಎಲ್ಲರೂ ಸಮ ಇದ್ದರೆ ಗೆರೆ ನೇರ. ಅಸಮಾನತೆ ಹೆಚ್ಚಿದಷ್ಟೂ ಬಿಲ್ಲು ಬಾಗುತ್ತದೆ. 1912ರಲ್ಲಿ ಇಟಲಿಯ ಕೊರಾಡೊ ಗಿನಿ ಆ ಬಾಗನ್ನು ಒಂದೇ ಒಂದು ಸಂಖ್ಯೆಗೆ ಇಳಿಸಿದ. ಸೊನ್ನೆ ಅಂದರೆ ಎಲ್ಲರೂ ಸಮ. ನೂರು ಅಂದರೆ ಎಲ್ಲಾ ಒಬ್ಬನದೇ. ಇದೇ ಗಿನಿ ಸೂಚ್ಯಂಕ.

ನಮ್ಮಲ್ಲೊಬ್ಬರು ಎದ್ದು ನಿಂತು ಕೇಳಿದರು: 'ಸಾರ್, ಆ ಸಾಲಿನಲ್ಲಿ ಮೊದಲು ನಿಲ್ಲೋರು ಯಾವಾಗಲೂ ನಮ್ಮವರೇ ಯಾಕೆ?' ಮೇಷ್ಟ್ರು ಕೆಟ್ಟವರಲ್ಲ. ಸ್ವಲ್ಪ ಹೊತ್ತು ಸುಮ್ಮನಿದ್ದು, 'ಅದು ಸಿಲಬಸ್ಸಿನಲ್ಲಿಲ್ಲ ಕೂತ್ಕೊಳಪ್ಪ' ಅಂದರು. ಆ ಪ್ರಶ್ನೆ ಇವತ್ತಿಗೂ ಕೂತಿಲ್ಲ. ನಿಂತೇ ಇದೆ.

2025ರ ಜುಲೈನಲ್ಲಿ ಕೇಂದ್ರ ಸರ್ಕಾರದ ಪತ್ರಿಕಾ ವಾರ್ತಾ ಕಚೇರಿ ಒಂದು ಡಂಗುರ ಹೊಡೆಸಿತು. ಭಾರತದ ಗಿನಿ ಸೂಚ್ಯಂಕ 25.5 ಅಂತೆ. ಪ್ರಪಂಚದಲ್ಲೇ ಸಮಾನತೆಯಲ್ಲಿ ನಮಗೆ ನಾಲ್ಕನೇ ಸ್ಥಾನವಂತೆ. ವಿಶ್ವಬ್ಯಾಂಕು ಹೇಳಿದೆಯಂತೆ. ಓದಿ ನಾವು ದಂಗಾದೆವು. ನಮ್ಮ ಹಟ್ಟಿಗೆ ಸಮಾನತೆ ಬಂದು ಹೋಗಿದೆ, ನಾವೇ ಮನೆಯಲ್ಲಿ ಇರಲಿಲ್ಲವೇನೋ ಅನ್ನಿಸಿತು.

ಆಮೇಲೆ ಗೊತ್ತಾಯಿತು. ಅದು ಆದಾಯದ ಗಿನಿ ಅಲ್ಲ. ಖರ್ಚಿನ ಗಿನಿ. ಪುಸ್ತಕದ ಭಾಷೆಯಲ್ಲಿ 'ಅನುಭೋಗ'ದ ಗಿನಿ. ಆದಾಯದ ಗಿನಿ 2004ರಲ್ಲಿ 52 ಇದ್ದದ್ದು 2023ಕ್ಕೆ 62ಕ್ಕೆ ಏರಿದೆ ಎಂದು ವಿಶ್ವಬ್ಯಾಂಕಿನ ಅದೇ ಟಿಪ್ಪಣಿ ಇನ್ನೊಂದು ಲೆಕ್ಕದ ಆಧಾರದಲ್ಲಿ ಹೇಳಿತ್ತು. ಡಂಗುರದವರು ಒಂದು ಸಾಲು ಓದಿದರು, ಇನ್ನೊಂದು ಸಾಲು ನುಂಗಿದರು. ವಿಶ್ವ ಅಸಮಾನತೆ ಪ್ರಯೋಗಾಲಯ 2024ರಲ್ಲಿ ಹೊರತಂದ ಅಧ್ಯಯನದ ಪ್ರಕಾರ 2022-23ರಲ್ಲಿ ಈ ದೇಶದ ನೂರರಲ್ಲಿ ಒಬ್ಬನ ಕೈಲಿ ಒಟ್ಟು ಆದಾಯದ ಶೇಕಡ 22.6, ಒಟ್ಟು ಸಂಪತ್ತಿನ ಶೇಕಡ 40.1 ಇತ್ತು. ಸಮಾನತೆಯಲ್ಲಿ ನಾಲ್ಕನೆಯ ದೇಶ ಇದೇ!

ಖರ್ಚಿನ ಲೆಕ್ಕ ಹೇಗೆ ಮೋಸ ಮಾಡುತ್ತದೆ? ಗಣಿತ ಬಾರದು ಎಂದು ಹೆದರುವ ಗೆಳೆಯರೂ ನಾಲ್ಕು ಮನೆ ಎಣಿಸಬಲ್ಲರು. ಒಂದು ಊರಿನಲ್ಲಿ ನಾಲ್ಕು ಮನೆ ಇಟ್ಟುಕೊಳ್ಳಿ. ಮೂರು ಮನೆ ಕೂಲಿಯವು. ತಿಂಗಳಿಗೆ ಹತ್ತತ್ತು ಸಾವಿರ ದುಡಿಮೆ. ನಾಲ್ಕನೆಯದು ಅಡಿಕೆ ತೋಟದ ಧಣಿಯ ಮನೆ. ಎಪ್ಪತ್ತು ಸಾವಿರ. ಗುಣಿಸಿ ಭಾಗಿಸಿದರೆ ಆದಾಯದ ಗಿನಿ 45. ಈಗ ಖರ್ಚು ನೋಡಿ. ಕೂಲಿ ಮನೆಯವರಿಗೆ ಹತ್ತು ಸಾಲುವುದಿಲ್ಲ. ಮಗುವಿಗೆ ಜ್ವರ, ಸ್ಕೂಲು ಫೀಜು. ಧಣಿ ಹತ್ತಿರ ಹೋಗಿ ಎರಡೆರಡು ಸಾವಿರ ಸಾಲ ತರುತ್ತಾರೆ. ಖರ್ಚು ಹನ್ನೆರಡು. ಧಣಿ ಎಪ್ಪತ್ತನ್ನೂ ತಿನ್ನಲಾರ. ಅವನಿಗೂ ಒಂದೇ ಹೊಟ್ಟೆ. ಇಪ್ಪತ್ತು ಖರ್ಚು ಮಾಡಿ ಉಳಿದದ್ದನ್ನು ಸಾಲ ಕೊಡುತ್ತಾನೆ, ಸೈಟು ಮಾಡುತ್ತಾನೆ, ಬಂಗಾರ ಮಾಡುತ್ತಾನೆ. ಹನ್ನೆರಡು, ಹನ್ನೆರಡು, ಹನ್ನೆರಡು, ಇಪ್ಪತ್ತು. ಖರ್ಚಿನ ಗಿನಿ ಎಷ್ಟು ಗೊತ್ತೆ? 11ಕ್ಕಿಂತ ಕಡಿಮೆ!

ಅದೇ ಊರು. ಅದೇ ನಾಲ್ಕು ಮನೆ. 45 ಇದ್ದದ್ದು 11ಕ್ಕೆ ಇಳಿಯಿತು. ಇಳಿಸಿದ್ದು ಯಾವ ಯೋಜನೆ? ಯಾವ ಮಂತ್ರಿ? ಧಣಿಯ ಉಳಿತಾಯ ಮತ್ತು ನಮ್ಮ ಸಾಲ! ಅಂದರೆ ಗೆಳೆಯರೆ, ಈ ಲೆಕ್ಕದಲ್ಲಿ ನಾವು ಸಾಲ ಮಾಡಿದಷ್ಟೂ ಧಣಿಗೆ ಸಮಾನರಾಗುತ್ತೇವೆ. ಅವ್ವನನ್ನು ಆಸ್ಪತ್ರೆಗೆ ಸೇರಿಸಿ ಕಟ್ಟಿದ ಬಿಲ್ಲೂ ನಮ್ಮ ಅನುಭೋಗದಲ್ಲೇ ಸೇರುತ್ತದೆ. ಅವ್ವನ ನರಳಾಟ ಇವರಿಗೆ ಭೋಗ!

1973ರಲ್ಲಿ ಬಿ. ಬಸವಲಿಂಗಪ್ಪನವರು ಕನ್ನಡ ಸಾಹಿತ್ಯದಲ್ಲಿ ಬೂಸಾ ಇದೆ ಅಂದರು. ಅವರ ಮಂತ್ರಿ ಪದವಿ ಹೋಯಿತು. ನಾವು ಇವತ್ತು ಹೇಳುತ್ತೇವೆ: ಅಂಕಿ ಅಂಶದಲ್ಲೂ ಬೂಸಾ ಇದೆ. ನಮ್ಮ ಹತ್ತಿರ ಕಿತ್ತುಕೊಳ್ಳಲು ಪದವಿ ಇಲ್ಲ.

ಹಾಗಾದರೆ ಗಣಿತವನ್ನೇ ಬಿಸಾಕೋಣವೇ? ನಮ್ಮ ಕೆಲವು ಸಂಗಾತಿಗಳು ಹಾಗೇ ಅನ್ನುತ್ತಾರೆ. 'ಹಸಿವಿಗೆ ಸೂತ್ರ ಬೇಕಾ? ನಮ್ಮ ಬೆನ್ನು ನೋಡಿದ್ರೆ ಗೊತ್ತಾಗಲ್ವಾ?' ಅವರ ಸಿಟ್ಟು ನಮ್ಮ ಸಿಟ್ಟೇ. ಆದರೆ ಅವರ ಮಾತನ್ನು ನಾವು ಒಪ್ಪುವುದಿಲ್ಲ. ಬಾಬಾಸಾಹೇಬರು 1918ರಲ್ಲಿ ಸಣ್ಣ ಹಿಡುವಳಿಗಳ ಬಗ್ಗೆ ಬರೆದರು. 1923ರಲ್ಲಿ ರೂಪಾಯಿಯ ಸಮಸ್ಯೆಯ ಮೇಲೆ ಪುಸ್ತಕ ತಂದರು. ಅವರು ಲೆಕ್ಕವನ್ನು ಶತ್ರುವಿನ ಕೈಗೆ ಬಿಟ್ಟು ಬರಲಿಲ್ಲ. ನಾವೇಕೆ ಬಿಡಬೇಕು? ಮೊದಲು ಶ್ಯಾನುಭೋಗನ ಕಡತ ಓದಲು ಬಾರದೆ ನಮ್ಮ ಅಜ್ಜಂದಿರು ಹೆಬ್ಬೆಟ್ಟು ಒತ್ತಿ ಜಮೀನು ಕಳೆದುಕೊಂಡರು. ಈಗ ಸೂಚ್ಯಂಕ ಓದಲು ಬಾರದೆ ನಾವು ಹೆಬ್ಬೆಟ್ಟು ಒತ್ತಬೇಕೆ?

ಅದೂ ಅಲ್ಲದೆ ಗಣಿತದಲ್ಲಿ ನಮ್ಮ ಪರ ಸಾಕ್ಷಿ ಹೇಳುವ ಮಾತೂ ಇದೆ. ಹೇಳುತ್ತೇವೆ ಕೇಳಿ.

1890ರ ದಶಕದಲ್ಲಿ ಇಟಲಿಯ ವಿಲ್ಫ್ರೆಡೊ ಪರೆಟೊ ಹಲವು ದೇಶಗಳ, ಹಲವು ಕಾಲದ ಆದಾಯದ ಪಟ್ಟಿ ತಡಕಿ ನೋಡಿದ. ಎಲ್ಲಿ ನೋಡಿದರೂ ಮೇಲಿನ ಸಾಹುಕಾರರ ಗೆರೆ ಒಂದೇ ಆಕಾರದಲ್ಲಿ ಇಳಿಯುತ್ತದೆ ಅಂದ. ಉಳ್ಳವರಿಗೆ ಹಬ್ಬವಾಯಿತು. 'ನೋಡಿ, ಅಸಮಾನತೆ ಪ್ರಕೃತಿ ನಿಯಮ, ಯಾರೇನು ಮಾಡಲಾದೀತು?' ಮನುವಿಗೆ ಬ್ರಹ್ಮನ ಮುಖ, ತೋಳು, ತೊಡೆ, ಪಾದ ಬೇಕಾಗಿತ್ತು. ಇವರಿಗೆ ಒಂದು ಸಮೀಕರಣ ಸಾಕಾಯಿತು. ಹಣೆಬರಹ ಹೋಗಿ ಗಣಿತಬರಹ ಬಂತು.

ಆದರೆ ನಮ್ಮ ನೆಲದಲ್ಲೇ ಇನ್ನೊಂದು ದಾರಿ ಹುಟ್ಟಿತು. ಮೇಘನಾದ ಸಾಹಾ ಎಂಬ ವಿಜ್ಞಾನಿಯ ಹೆಸರು ಕೇಳಿರುತ್ತೀರಿ. 1893ರಲ್ಲಿ ಪೂರ್ವ ಬಂಗಾಳದ ಹಳ್ಳಿಯೊಂದರ ಚಿಲ್ಲರೆ ಅಂಗಡಿಯವನ ಮಗನಾಗಿ ಹುಟ್ಟಿದವರು. ಕೆಳಜಾತಿ ಎಂದು ಕಲ್ಕತ್ತಾದ ಹಾಸ್ಟೆಲಿನಲ್ಲಿ ಮೇಲ್ಜಾತಿ ಹುಡುಗರು ಜೊತೆಗೆ ಕೂತು ಊಟ ಮಾಡಗೊಡಲಿಲ್ಲ. ಅವರೇ 1931ರಲ್ಲಿ ಶ್ರೀವಾಸ್ತವರ ಜೊತೆ ಬರೆದ ಉಷ್ಣಶಾಸ್ತ್ರದ ಪುಸ್ತಕದಲ್ಲಿ, ಗಾಳಿಯ ಕಣಗಳ ವೇಗದ ಹಂಚಿಕೆಯನ್ನು ವಿವರಿಸುವಾಗ ಜನರ ಆದಾಯದ ಹಂಚಿಕೆಯನ್ನು ಪಕ್ಕದಲ್ಲಿಟ್ಟು ತೋರಿಸಿದರು. ಅವರ ಹೆಸರಿನ ಕೋಲ್ಕತ್ತದ ಸಂಸ್ಥೆಯಲ್ಲೇ 2000ದ ಸುಮಾರಿಗೆ ಬಿಕಾಸ್ ಚಕ್ರಬರ್ತಿ, ಅನಿರ್ಬನ್ ಚಕ್ರಬರ್ತಿ ಮುಂತಾದವರು ಹಣದ ಕೊಡುಕೊಳ್ಳುವಿಕೆಗೆ ಮಾದರಿಗಳನ್ನು ಕಟ್ಟಿದರು. 2002ರಲ್ಲಿ ಅನಿರ್ಬನ್ ಚಕ್ರಬರ್ತಿ ತೋರಿಸಿದ ಒಂದು ಮಾದರಿಯನ್ನು ನಾವು ಚೇಳೂರು ಹಲಸಿನ ಸಂತೆಗೆ ತಂದು ಹೇಳುತ್ತೇವೆ.

ಸಂತೆಯಲ್ಲಿ ಇಬ್ಬರು ಇದ್ದಾರೆ. ಇಬ್ಬರ ಹತ್ತಿರವೂ ನೂರು ರೂಪಾಯಿ. ಒಂದು ನಾಣ್ಯ ಚಿಮ್ಮಬೇಕು. ಸಿಂಹ ಬಿದ್ದರೆ ನಿನಗೆ, ಅಂಕಿ ಬಿದ್ದರೆ ನನಗೆ. ಪಣ ಎಷ್ಟು? ಇಬ್ಬರಲ್ಲಿ ಬಡವನ ಹತ್ತಿರ ಇರುವುದರಲ್ಲಿ ಐದರಲ್ಲೊಂದು ಪಾಲು. ಮೋಸವಿಲ್ಲ. ತಕ್ಕಡಿಯಲ್ಲಿ ಕಳ್ಳತೂಕವಿಲ್ಲ. ಮೊದಲ ಸಲ ನಾವು ಸೋತೆವು. ನಮ್ಮ ಹತ್ತಿರ 80, ಅವನ ಹತ್ತಿರ 120. ಎರಡನೆಯ ಸಲ ನಾವು ಗೆದ್ದೆವು. ಆದರೆ ಈಗ ಪಣ 80ರಲ್ಲಿ ಐದರಲ್ಲೊಂದು, 16 ರೂಪಾಯಿ. ನಮಗೆ 96, ಅವನಿಗೆ 104. ಒಂದು ಸೋಲು, ಒಂದು ಗೆಲುವು. ಸಮಸಮ ಆಯಿತು ತಾನೆ? ಇಲ್ಲ, ನಾಲ್ಕು ರೂಪಾಯಿ ಹೋಗಿದೆ! ಯಾರೂ ಕದಿಯಲಿಲ್ಲ, ಆದರೂ ಹೋಗಿದೆ. ಮೊದಲು ಸೋತವನು ಅಷ್ಟೇ ಸಲ ಗೆದ್ದರೂ ಮೊದಲಿದ್ದ ಜಾಗಕ್ಕೆ ಬರಲಾರ. ಇಬ್ಬರ ಬದಲು ಸಾವಿರ ಜನ ಆಡಲಿ. ಆಡುತ್ತಾ ಆಡುತ್ತಾ ಕೊನೆಗೆ ಹೆಚ್ಚುಕಡಿಮೆ ಎಲ್ಲವೂ ಒಬ್ಬನ ಜೋಳಿಗೆಗೆ ಬೀಳುತ್ತದೆ.

ಇದರ ಅರ್ಥವೇನು? ಆ ಕೊನೆಯ ಒಬ್ಬ ಬುದ್ಧಿವಂತನಲ್ಲ, ಬೆವರು ಸುರಿಸಿದವನಲ್ಲ, ಪುಣ್ಯವಂತನೂ ಅಲ್ಲ. ಮೊದಮೊದಲು ನಾಣ್ಯ ಅವನ ಕಡೆ ಬಿತ್ತು ಅಷ್ಟೇ. 'ಮೆರಿಟ್ಟು ಮೆರಿಟ್ಟು' ಎಂದು ನಮ್ಮ ಮೀಸಲಾತಿ ಮೇಲೆ ಉಗುಳುವವರ ಬಾಯಿಗೆ ಈ ಆಟ ಬೀಗ ಹಾಕುತ್ತದೆ. ಆಸ್ತಿ ಇರುವುದು ಯೋಗ್ಯತೆಗೆ ಸಾಕ್ಷಿಯಲ್ಲ.

ಆದರೆ ಈ ಮಾದರಿಗೂ ಒಂದು ಕುರುಡಿದೆ. ಅದು ಆಟವನ್ನು ನೂರು ನೂರು ರೂಪಾಯಿಯಿಂದ ಶುರು ಮಾಡುತ್ತದೆ. ಸ್ವಾಮಿ, ಗುಬ್ಬಿಯಲ್ಲಿ, ಕುಣಿಗಲ್‌ನಲ್ಲಿ ಆಟ ಯಾವತ್ತು ಹಾಗೆ ಶುರುವಾಯಿತು? ನಮ್ಮ ತಾತಂದಿರಿಗೆ ಕೈಲಿ ನೂರು ರೂಪಾಯಿ ಇರಲಿಲ್ಲ, ಬೆನ್ನ ಮೇಲೆ ಜೀತದ ಪತ್ರ ಇತ್ತು. ಸಂತೆಗೆ ಬಂದರೂ ಮುಟ್ಟಿದ ಸರಕು ಮೈಲಿಗೆ. ನಾಣ್ಯವನ್ನೂ ಕೈಗೆ ಕೊಡುತ್ತಿರಲಿಲ್ಲ, ನೆಲಕ್ಕೆ ಎಸೆಯುತ್ತಿದ್ದರು. ಚಿಮ್ಮುವವನೂ ಅವನೇ, ಏನು ಬಿತ್ತು ಎಂದು ಹೇಳುವವನೂ ಅವನೇ. ನ್ಯಾಯವಾಗಿ ಆಡಿದರೇ ಎಲ್ಲ ಒಂದು ಕೈ ಸೇರುವ ಆಟದಲ್ಲಿ, ಅನ್ಯಾಯವಾಗಿ ಸಾವಿರಾರು ವರ್ಷ ಆಡಿದರೆ ಏನಾಗಬೇಕೋ ಅದು ಆಗಿದೆ.

ಕುಣಿಗಲ್‌ನಲ್ಲಿ ಕುದುರೆ ಫಾರಂ ಇದೆ. ಟಿಪ್ಪುವಿನ ಕಾಲದ ಅಶ್ವದಳದ ನೆನಪಿನದು. ರೇಸಿನ ಕುದುರೆಗೆ ಅಪ್ಪ ಯಾರು, ಅವ್ವ ಯಾರು, ಅಜ್ಜ ಯಾರು ಎಂದು ವಂಶಾವಳಿ ಬರೆದಿಡುತ್ತಾರೆ. ಒಳ್ಳೆ ಮೇವು, ಡಾಕ್ಟರು, ತಿಕ್ಕಿ ತೊಳೆಯುವ ಆಳು. ಆ ಕುದುರೆ ಗೆದ್ದಾಗ, ಜಟಕಾ ಕುದುರೆಗೆ ಮೆರಿಟ್ ಇಲ್ಲ ಎಂದು ಯಾರೂ ಹೇಳುವುದಿಲ್ಲ. ಕುದುರೆಗೆ ಇರುವ ನ್ಯಾಯ ನಮ್ಮ ಮಕ್ಕಳಿಗೆ ಇಲ್ಲ.

ನೆಲದ ಲೆಕ್ಕ ನೋಡಿ. 2015-16ರ ಕೃಷಿ ಗಣತಿಯಲ್ಲಿ ದೇಶದ ಸರಾಸರಿ ಹಿಡುವಳಿ 1.08 ಹೆಕ್ಟೇರು. ನಮ್ಮ ಭಾಷೆಯಲ್ಲಿ ಎರಡು ಎಕರೆ ಇಪ್ಪತ್ತೇಳು ಗುಂಟೆ. ಪರಿಶಿಷ್ಟ ಜಾತಿಯವರದ್ದು 0.78 ಹೆಕ್ಟೇರು. ಎರಡು ಎಕರೆಗೆ ಮೂರು ಗುಂಟೆ ಕಡಿಮೆ. 'ಪರವಾಗಿಲ್ವೇ, ಹತ್ತಿರ ಹತ್ತಿರ ಇದೆಯಲ್ಲ' ಅನ್ನಬೇಡಿ. ಇದು ಜಮೀನು ಇದ್ದವರ ಸರಾಸರಿ ಮಾತ್ರ. ಉಳುವುದಕ್ಕೆ ಒಂದು ಗುಂಟೆಯೂ ಇಲ್ಲದ ನಮ್ಮ ಜನ ಆ ಭಾಗಾಕಾರದ ಕೆಳಗೂ ಇಲ್ಲ, ಮೇಲೂ ಇಲ್ಲ.

ಈಗ ಮೊದಲ ಪ್ರಶ್ನೆಗೆ ಬರೋಣ. ಗಿನಿಯಂಥ ಅಳತೆಗಳಿಗೆ ಒಂದು ಮೂಲ ನಿಯಮ ಇದೆ. ಹೆಸರು ಲೆಕ್ಕಕ್ಕಿಲ್ಲ. ಧಣಿಯ ಆದಾಯ ಕೂಲಿಯವನಿಗೆ, ಕೂಲಿಯವನ ಆದಾಯ ಧಣಿಗೆ ಅದಲು ಬದಲು ಮಾಡಿ. ಗಿನಿ ಒಂದು ಕೂದಲಷ್ಟೂ ಅಲುಗುವುದಿಲ್ಲ. ಗಣಿತದವರಿಗೆ ಇದು ನಿಷ್ಪಕ್ಷಪಾತ. ಎಲ್ಲರನ್ನೂ ಒಂದೇ ಕಣ್ಣಿನಿಂದ ನೋಡುವುದು. ಕೇಳಲು ಚೆನ್ನಾಗಿದೆ. ಆದರೆ ಯಾವ ಸಮಾಜದಲ್ಲಿ ಯಾರು ಬೇಕಾದರೂ ಯಾರ ಜಾಗಕ್ಕಾದರೂ ಹೋಗಬಹುದೋ ಅಲ್ಲಿ ಆ ನಿಯಮ ಸರಿ. ಹುಟ್ಟಿದ ಕೇರಿಯೇ ಸಾಲಿನಲ್ಲಿ ಜಾಗ ಗೊತ್ತು ಮಾಡುವ ಕಡೆ ಹೆಸರು ಅಳಿಸುವುದು ನಿಷ್ಪಕ್ಷಪಾತವಲ್ಲ. ಅದು ಸಾಕ್ಷಿ ನಾಶ!

ಬಾಬಾಸಾಹೇಬರು ನಮ್ಮದು ಬರೀ ಅಸಮಾನತೆಯಲ್ಲ, ಶ್ರೇಣೀಕೃತ ಅಸಮಾನತೆ ಅಂದರು. ಮೆಟ್ಟಿಲಿನ ಮೇಲೆ ಮೆಟ್ಟಿಲು. ಒಬ್ಬೊಬ್ಬನಿಗೂ ತುಳಿಯಲು ಕೆಳಗೊಬ್ಬ. ಗಿನಿ ಮೆಟ್ಟಿಲಿನ ಎತ್ತರ ಅಳೆಯುತ್ತದೆ. ಯಾವ ಮೆಟ್ಟಿಲಿಗೆ ಯಾರನ್ನು ಮೊಳೆ ಹೊಡೆದು ನಿಲ್ಲಿಸಿದ್ದಾರೆ ಎಂಬುದನ್ನು ಅಳೆಯುವುದಿಲ್ಲ. ಸರ್ಕಾರದ ಖರ್ಚಿನ ಸರ್ವೆಯ ಫಾರಂನಲ್ಲಿ ಪರಿಶಿಷ್ಟ ಜಾತಿ, ಪರಿಶಿಷ್ಟ ಪಂಗಡ, ಹಿಂದುಳಿದವರು, ಇತರೆ ಎಂಬ ನಾಲ್ಕು ಚೌಕಗಳಿರುವುದು ನಿಜ. ಆದರೆ ಡಂಗುರ ಹೊಡೆಯುವ ಒಂದು ಸಂಖ್ಯೆ ಮಾಡುವ ಹೊತ್ತಿಗೆ ಆ ಚೌಕಗಳು ಒರೆಸಿಹೋಗಿರುತ್ತವೆ.

ನಮ್ಮ ಜಿಲ್ಲೆಯದೇ ಉದಾಹರಣೆ ಕೊಡುತ್ತೇವೆ. 2002ರಲ್ಲಿ ಡಾ. ಡಿ.ಎಂ. ನಂಜುಂಡಪ್ಪ ಸಮಿತಿ ರಾಜ್ಯದ 175 ತಾಲೂಕುಗಳನ್ನು 35 ಅಳತೆಗೋಲುಗಳಲ್ಲಿ ತೂಗಿ, ರಾಜ್ಯದ ಸರಾಸರಿಯನ್ನು 1 ಎಂದಿಟ್ಟುಕೊಂಡು ಪಟ್ಟಿ ಮಾಡಿತು. ಗುಬ್ಬಿ, ಕುಣಿಗಲ್ ಎರಡೂ 'ಅತ್ಯಂತ ಹಿಂದುಳಿದ' ತಾಲೂಕುಗಳ ಪಟ್ಟಿಗೆ ಬಿದ್ದವು. ಆ ವರದಿಯ ಉಪಕಾರವನ್ನು ನಾವು ಮರೆಯುವುದಿಲ್ಲ. ಹಿಂದುಳಿದಿರುವಿಕೆಗೆ ವಿಳಾಸ ಕೊಟ್ಟ ವರದಿ ಅದು. ಆದರೆ ವಿಳಾಸ ತಾಲೂಕಿಗೆ ಬಂದು ನಿಂತಿತು, ಕೇರಿಗೆ ಬರಲಿಲ್ಲ. 2023ರ ಫೆಬ್ರವರಿಯಲ್ಲಿ ಗುಬ್ಬಿ ತಾಲೂಕಿನ ಬಿದರೆಹಳ್ಳ ಕಾವಲಿನಲ್ಲಿ 615 ಎಕರೆಯ ಹೆಲಿಕಾಪ್ಟರ್ ಕಾರ್ಖಾನೆ ಉದ್ಘಾಟನೆಯಾಯಿತು. ಇನ್ನು ಮುಂದೆ ಹೆಲಿಕಾಪ್ಟರ್ ಹಾರಿದ ಹಾಗೆಲ್ಲ ಗುಬ್ಬಿಯ ಸರಾಸರಿಯೂ ಹಾರುತ್ತದೆ. ಕೆಳಗೆ ಧಣಿಯ ಅಂಗಳದಲ್ಲಿ ಕೂತು ಅಡಿಕೆ ಸುಲಿಯುವ ನಮ್ಮ ಅವ್ವಂದಿರ ಕೂಲಿಯೂ ಹಾರುತ್ತದೆಯೇ? ಸರಾಸರಿ ಹೇಳುವುದಿಲ್ಲ. ಅದಕ್ಕೆ ನೆಲ ಕಾಣುವುದಿಲ್ಲ.

2025ರಲ್ಲಿ ಹೇಮಾವತಿ ಲಿಂಕ್ ಕಾಲುವೆಗಾಗಿ ನಮ್ಮ ಎರಡೂ ತಾಲೂಕು ಎದುರುಬದುರಾದವು. ನಮ್ಮ ನೀರು ಬಿಡೆವು ಅಂದರು ಗುಬ್ಬಿಯವರು. ನಮ್ಮ ಪಾಲು ಕೊಡಿ ಅಂದರು ಕುಣಿಗಲ್‌ನವರು. ಅತ್ಯಂತ ಹಿಂದುಳಿದ ಎರಡು ತಾಲೂಕು ಒಂದು ನಾಣ್ಯಕ್ಕೆ ಕಾದಾಡಿದವು. ನೀರು ಎರಡೂ ಕಡೆ ಬೇಕು, ಅದರಲ್ಲಿ ಅನುಮಾನವಿಲ್ಲ. ಆದರೆ ಎರಡೂ ಕಡೆಯವರಿಗೆ ನಮ್ಮದು ಒಂದೇ ಪ್ರಶ್ನೆ: ನಿಮ್ಮ ಅಚ್ಚುಕಟ್ಟಿನಲ್ಲಿ ಕೇರಿಯವರ ಹೆಸರಿನಲ್ಲಿ ಎಷ್ಟು ಎಕರೆ ಇದೆ? ಕಾಲುವೆ ಯಾವ ಕಡೆ ಹರಿದರೂ ಯಾರ ಗದ್ದೆಗೆ ಹರಿಯುತ್ತದೆ?

ಈ ಪ್ರಶ್ನೆಗೆ ಉತ್ತರಿಸಬಲ್ಲ ಗಣಿತವೂ ಇದೆ. ಹೆನ್ರಿ ಥೈಲ್ ಎಂಬ ಡಚ್ ಅರ್ಥಶಾಸ್ತ್ರಜ್ಞ 1967ರಲ್ಲಿ ಕೊಟ್ಟ ಅಳತೆ ಒಟ್ಟು ಅಸಮಾನತೆಯನ್ನು ಎರಡಾಗಿ ಸೀಳುತ್ತದೆ. ಗುಂಪು ಗುಂಪುಗಳ ನಡುವಿನದೆಷ್ಟು, ಒಂದೊಂದು ಗುಂಪಿನ ಒಳಗಿನದೆಷ್ಟು. ಇದನ್ನು ಊರು ಕೇರಿಗಳ ನಡುವೆ ಹಿಡಿಯಬಹುದು. ನಮ್ಮ ನಮ್ಮೊಳಗೂ ಹಿಡಿಯಬೇಕು. ಒಳಮೀಸಲಾತಿಗಾಗಿ ನ್ಯಾಯಮೂರ್ತಿ ನಾಗಮೋಹನ ದಾಸ್ ಆಯೋಗ ಮನೆಮನೆ ಸಮೀಕ್ಷೆ ಮಾಡಿ 2025ರ ಆಗಸ್ಟ್‌ನಲ್ಲಿ ವರದಿ ಕೊಟ್ಟಾಗ ನಮ್ಮವರಲ್ಲೇ ಕೆಲವರಿಗೆ ಮುಜುಗರವಾಯಿತು. ಯಾಕೆ ಆಗಬೇಕು? ಸರಾಸರಿಯ ಹಿಂದೆ ಅಡಗುವುದು ಧಣಿಗೆ ತಪ್ಪಾದರೆ ನಮಗೂ ತಪ್ಪೇ. ಮಸಣ ಕಾಯುವವನ, ಮಲದ ಗುಂಡಿಗೆ ಇಳಿಯುವವನ ಹೆಸರು ನಮ್ಮ ಪಟ್ಟಿಯಲ್ಲೂ ಮೇಲೆ ಬರಬೇಕು.

ಇನ್ನು ಮದ್ದಿನ ಮಾತು. ಸಂತೆಯ ಆಟವನ್ನೇ ಮುಂದುವರಿಸಿ ಅಮೆರಿಕದ ಬ್ರೂಸ್ ಬೊಘೋಸಿಯನ್ ಮತ್ತು ಜೊತೆಗಾರರು ಅದಕ್ಕೆ ಎರಡು ವಿಷಯ ಸೇರಿಸಿದರು. ಒಂದು, ಉಳ್ಳವನ ಕಡೆಗೆ ನಾಣ್ಯ ಕೊಂಚ ವಾಲುವುದು. ಇನ್ನೊಂದು, ಪ್ರತಿ ಆಟದಲ್ಲೂ ಉಳ್ಳವರಿಂದ ಒಂದಿಷ್ಟು ತೆಗೆದು ಎಲ್ಲರಿಗೂ ಹಂಚುವುದು. ಹಂಚಿಕೆ ವಾಲುವಿಕೆಗಿಂತ ಹೆಚ್ಚಿದ್ದರೆ ಆಟ ಉಳಿಯುತ್ತದೆ. ವಾಲುವಿಕೆ ಹಂಚಿಕೆಯನ್ನು ಮೀರಿದರೆ ಸಂಪತ್ತಿನ ಒಂದು ದೊಡ್ಡ ಪಾಲು ಹಿಡಿ ಜನರ ಕೈಗೆ ಗಂಟುಬೀಳುತ್ತದೆ. ಮತ್ತೆ ನಮ್ಮ ಸರ್ಕಾರಗಳು ಮಾಡಿದ್ದೇನು? ಸತ್ತವರ ಆಸ್ತಿಯ ಮೇಲಿನ ತೆರಿಗೆಯನ್ನು 1985ರಲ್ಲಿ ತೆಗೆದವು. ಸಂಪತ್ತಿನ ತೆರಿಗೆಯನ್ನು 2015ರ ಬಜೆಟ್ಟಿನಲ್ಲಿ ತೆಗೆದವು. 1974ರಲ್ಲಿ ಉಳುವವನೇ ಹೊಲದೊಡೆಯ ಎಂದ ಈ ರಾಜ್ಯವೇ 2020ರಲ್ಲಿ ಭೂಸುಧಾರಣಾ ಕಾಯ್ದೆಗೆ ತಿದ್ದುಪಡಿ ತಂದು, ಉಳುಮೆ ಗೊತ್ತಿಲ್ಲದ ಹಣವಂತನೂ ಹೊಲ ಕೊಳ್ಳಲು ಬಾಗಿಲು ತೆರೆಯಿತು. ನಾಣ್ಯ ಇನ್ನಷ್ಟು ವಾಲಿತು, ಹಂಚಿಕೆ ಇನ್ನಷ್ಟು ಸೊರಗಿತು. ಇದು ಹಣೆಬರಹವಲ್ಲ, ಗಣಿತಬರಹವೂ ಅಲ್ಲ. ಸಹಿ ಹಾಕಿ ಮುದ್ರೆ ಒತ್ತಿದ ಸರ್ಕಾರಿ ಬರಹ. ಸರ್ಕಾರಿ ಬರಹವನ್ನು ತಿದ್ದಿಸಬಹುದು.

ನಮ್ಮ ಬೇಡಿಕೆ ದೊಡ್ಡದೇನಲ್ಲ. 2025ರ ರಾಜ್ಯ ಸಮೀಕ್ಷೆ ಜಾತಿಯ ಜೊತೆ ಆದಾಯವನ್ನೂ ಕೇಳಿದೆ. ನಮ್ಮ ಜನ ಬಾಗಿಲು ತೆರೆದು ಹೇಳಿದ್ದಾರೆ. ಆ ಲೆಕ್ಕ ಬೀರುವಿನಲ್ಲಿ ಕೊಳೆಯಬಾರದು. ತಾಲೂಕುವಾರು, ಜಾತಿವಾರು, ಒಳಜಾತಿವಾರು ನೆಲ, ನೀರು, ಆದಾಯ, ಸಾಲ, ನಾಲ್ಕನ್ನೂ ಅಚ್ಚು ಹಾಕಿ ಪಂಚಾಯ್ತಿ ಗೋಡೆಗೆ ಅಂಟಿಸಿ. ಮಂಜೂರಾಗಿ ಕೈತಪ್ಪಿದ ಜಮೀನುಗಳನ್ನು 1978ರ ಕಾಯ್ದೆಯಂತೆ ವಾಪಸು ಕೊಡಿಸಿ. ತಡವಾಯಿತು ಎಂಬ ನೆಪವನ್ನು ತೆಗೆಯಲೆಂದೇ 2023ರ ತಿದ್ದುಪಡಿ ಬಂತು, ನೆನಪಿರಲಿ. ಉಳ್ಳವರಿಂದ ತೆಗೆದು ಹಂಚುವ ತೆರಿಗೆ ಮತ್ತೆ ತನ್ನಿ.

ಹಳ್ಳಿಯ ಮೇಷ್ಟ್ರುಗಳೇ, ನಿಮಗೊಂದು ಮಾತು. ಆ ಸಂತೆಯ ಆಟವನ್ನು ನಿಮ್ಮ ಸ್ಕೂಲಿನಲ್ಲಿ ಆಡಿಸಿ. ರೂಪಾಯಿ ಬೇಡ, ಹುಣಸೇ ಬೀಜ ಸಾಕು. ಮೊದಲ ದಿನ ಎಲ್ಲರಿಗೂ ಇಪ್ಪತ್ತಿಪ್ಪತ್ತು ಬೀಜ ಕೊಡಿ. ಎರಡನೆಯ ದಿನ ಊರಿನಲ್ಲಿ ಇರುವ ಹಾಗೆಯೇ ಹಂಚಿ. ಮಕ್ಕಳೇ ಕೇಳುತ್ತವೆ, 'ಸಾ, ಇದು ಮೋಸ ಅಲ್ವಾ?' ಆಗ ಮಾತ್ರ ಸಿಲಬಸ್ಸಿನಲ್ಲಿಲ್ಲ ಎಂದು ಕೂರಿಸಬೇಡಿ.

ರೂಮು ಕೊಡುವ ಮುಂಚೆ ನಮ್ಮ ಹೆಸರು, ಊರು, ಕೇರಿ ಕೇಳುವ ದೇಶವೇ, ಲೆಕ್ಕ ಕೊಡುವಾಗಲೂ ಕೇಳು. ಹೇಳಲು ನಮಗೆ ಯಾವ ನಾಚಿಕೆಯೂ ಇಲ್ಲ. ಬರೆದುಕೋ.